ಚಂದ್ರನ ಬಳೆಯೂ ಚಿಕ್ಕಮಾದಯ್ಯನ ಮೆದೆಯೂ

ಮಾರ್ಗಶಿರದ ಹುಣ್ಣಿಮೆ ಕಳೆದ ಮಾರನೆಯ ದಿನ, ಶುಕ್ರವಾರ, ಇನ್ನೂ ಬೆಳಕು ಹರಿಯದ ಹೊತ್ತು. ಎಮ್ಮೆ ಹಾಲು ಕರೆಯಲು ಚೊಂಬು ಹಿಡಿದು ಹಿತ್ತಿಲಿಗೆ ಬಂದ ಚಿಕ್ಕಮಾದಯ್ಯ, ಪಡುವಣಕ್ಕೆ ಇಳಿಯುತ್ತಿದ್ದ ಚಂದ್ರನನ್ನು ನೋಡಿ ನಿಂತಲ್ಲೇ ನಿಂತುಬಿಟ್ಟ. ಚಂದ್ರನ ಸುತ್ತ ಅಗಲವಾಗಿ ಒಂದು ಬಳೆ ಕಟ್ಟಿತ್ತು. ಕಾದು ಕಾದು ಸಾಕಾದ ಎಮ್ಮೆ ಬಾಲದಿಂದ ಮುಖಕ್ಕೆ ಬಾರಿಸಿದರೂ ಅವನಿಗೆ ಗೊತ್ತಾಗಲಿಲ್ಲ.

"ಲಕ್ಷ್ಮೀ, ಬಾ ಇಲ್ಲಿ! ಚಂದ್ರ ಬಳೆ ತೊಟ್ಟವ್ನೆ. ಸಂಜೆ ಒತ್ಗೆ ಮಳೆ ಗ್ಯಾರಂಟಿ."

ಹೆಂಡತಿ ಲಕ್ಷ್ಮಿದೇವಮ್ಮ ಬಾಗಿಲಿಗೆ ನೀರು ಹಾಕುತ್ತಿದ್ದವಳು ತಲೆ ಎತ್ತಲಿಲ್ಲ. "ಅವ್ನು ಬಳೆನಾರ ತೊಡ್ಲಿ, ಬಾಸಿಂಗನಾರ ಕಟ್ಕಳ್ಲಿ. ಇವತ್ತು ಮಿಷನ್ನು ನಮ್ ಕಣಕ್ಕೆ ಬತ್ತದೆ. ಮಣ್ ವಾಡೇಲಿ ರಾಗಿ ತಳ ಕಾಣ್ತಾ ಅದೆ, ನೆಪ್ಪಿರ್ಲಿ."

ತೊಣ್ಣೂರು ಕೆರೆಯ ಕೆಳಗಿನ ಆ ಊರಿನಲ್ಲಿ ಎಲ್ಲರ ರಾಗಿ ಒಕ್ಕಣೆಯೂ ಮುಗಿದು, ಕಾಳು ರಸ್ತೆಯುದ್ದಕ್ಕೂ ಒಣಗುತ್ತಿತ್ತು. ಉಳಿದದ್ದು ಚಿಕ್ಕಮಾದಯ್ಯನ ಮೆದೆಯೊಂದೇ. ಮೆದೆ ಒಟ್ಟುವುದರಲ್ಲಿ ಅವನನ್ನು ಮೀರಿಸುವವರಿರಲಿಲ್ಲ. ತೆನೆ ಒಳಮುಖ, ಬುಡ ಹೊರಮುಖ, ಮೇಲೆ ಗುಡಿಸಲಿನ ಹಾಗೆ ಹುಲ್ಲಿನ ಹೊದಿಕೆ. ಮೂರು ದಿನ ಮಳೆ ಹುಯ್ದರೂ ಒಳಗೆ ಒಂದು ಹನಿ ಇಳಿಯದು. ಆದರೆ ಒಮ್ಮೆ ಕಿತ್ತರೆ ಮುಗಿಯಿತು. ಕಿತ್ತ ಮೇಲೆ ನೆನೆದರೆ ಕಾಳು ಕಪ್ಪು, ಮುದ್ದೆ ಕಹಿ.

ಎಂಟು ಗಂಟೆಗೆ ನಾಗಮಂಗಲದ ಕಿಶನ್ ಒಕ್ಕಣೆ ಮಿಷನ್ನನ್ನು ಟ್ರಾಕ್ಟರಿಗೆ ಕಟ್ಟಿಕೊಂಡು ಬಂದಾಗ, ಚಿಕ್ಕಮಾದಯ್ಯ ಮೆದೆಯ ಮುಂದೆ ಎರಡೂ ಕೈ ಚಾಚಿಕೊಂಡು ಬೆದರುಬೊಂಬೆಯ ಹಾಗೆ ನಿಂತಿದ್ದ.

"ಇವತ್ತು ಕೀಳಲ್ಲ ಕಣಪ್ಪ. ಮಳೆ ಬತ್ತದೆ."

ಕಿಶನ್ ಆಕಾಶ ನೋಡಿದ. ತೊಳೆದಿಟ್ಟ ತಟ್ಟೆಯ ಹಾಗಿತ್ತು. "ಯಜಮಾನ್ರೆ, ನಾಳೆ ಬೆಳಗ್ಗೆ ನಾನು ನಾಗಮಂಗಲಕ್ಕೆ ಓಯ್ತೀನಿ. ತಿರ್ಗ ಈ ಕಡೆ ಬರದು ಸಂಕ್ರಾಂತಿ ಆದ್ಮೇಲೇನೆ. ಸಂಜೆಗಂಟ ಕಾಯ್ತೀನಿ, ಯೋಚ್ನೆ ಮಾಡಿ."

ಪಕ್ಕದ ಮನೆಯ ದಾಸಯ್ಯನಿಗೆ ಇಷ್ಟು ಸಾಕಾಯಿತು. ಎರಡು ಮನೆಗೂ ನಡುವೆ ಒಂದೇ ಗೋಡೆ. ಇಲ್ಲಿ ಸೀನಿದರೆ ಅವನು ಅಲ್ಲಿಂದ ಕೆಮ್ಮುವವನು.

"ಏನ್ಲಾ ಮಾದ, ಚಂದ್ರ ನಿಂಗೆ ಪೋನ್ ಮಾಡಿದ್ನಾ?"

"ನಗು, ನಗು. ನಮ್ಮಪ್ಪನ ಕಾಲ್ದಲ್ಲಿ ಇಂಗೇ ಬಳೆ ಕಟ್ಟಿದ್ ದಿನ ಕೆರೆ ಕೋಡಿ ಬಿತ್ತು. ನಿಮ್ಮಪ್ಪನ ಹುಳ್ಳಿ ಎಲ್ಲಾ ಕೊಚ್ಕೊಂಡೋಗಿ, ನಮ್ಮನೇಲಿ ಹುಳ್ಳಿ ಇಸ್ಕೊಂಡೋಗಿ ಸಾರು ಮಾಡುದ್ರಿ."

"ಅಕ್ಷಿತಾ, ಬಾರವ್ವ ಇಲ್ಲಿ!" ದಾಸಯ್ಯ ಮೊಮ್ಮಗಳನ್ನು ಕೂಗಿದ. ಕೆ.ಆರ್. ಪೇಟೆ ಕಾಲೇಜಿನಲ್ಲಿ ವಿಜ್ಞಾನ ಓದುವ ಹುಡುಗಿ, ಬಸ್ಸಿಗೆ ಹೊರಟು ನಿಂತಿದ್ದಳು. "ಚಂದ್ರನ ಮ್ಯಾಲೆ ಮೋಡ ಅದದಾ? ಯೋಳು ಈ ತಾತಂಗೆ."

"ಚಂದ್ರನ ಮೇಲೆ ಗಾಳಿನೇ ಇಲ್ಲ ತಾತ. ಮೋಡನೂ ಇಲ್ಲ, ಮಳೆನೂ ಇಲ್ಲ. ಎರಡು ವಾರ ಒಂದೇ ಸಮ ಬಿಸ್ಲು, ನೀರಿಟ್ರೆ ಕುದಿಯೋ ಅಂಥದ್ದು. ಆಮೇಲೆ ಎರಡು ವಾರ ಕತ್ಲೆ, ನಮ್ ಕೈಲಿ ತಡ್ಕೊಳಕ್ ಆಗ್ದಿರೋ ಚಳಿ."

"ಕೇಳ್ದೇನ್ಲಾ?" ದಾಸಯ್ಯ ತೊಡೆ ತಟ್ಟಿದ. "ಅವ್ನ ಮನೇಲೇ ಹನಿ ನೀರಿಲ್ಲ. ನಿನ್ ಕಣಕ್ಕೆ ಮಳೆ ಎಲ್ಲಿಂದ ಕಳಿಸ್ತಾನೆ?"

"ಆದ್ರೆ ತಾತ, ಆ ಬಳೆ ಇದ್ಯಲ್ಲ, ಅದು..." ಎಂದು ಅಕ್ಷಿತಾ ಶುರುಮಾಡಿದಳು.

"ಸಾಕ್ ಸುಮ್ನಿರವ್ವ!" ಚಿಕ್ಕಮಾದಯ್ಯ ಗುಡುಗಿದ. "ನೀನ್ ಹುಟ್ಟೋಕ್ ಮುಂಚಿಂದ ಚಂದ್ರನ್ನ ನೋಡ್ತಿವ್ನಿ. ಬಸ್ಸು ಬಂತು, ನಡಿ."

ಬಸ್ಸು ಬಂದೇ ಬಂತು. ಅವಳು ಹೋದಳು.

ಆಮೇಲೆ ಚಿಕ್ಕಮಾದಯ್ಯ ಕಣ ಬಿಟ್ಟು ಕದಲಲಿಲ್ಲ. ತಾನು ಅತ್ತ ಹೋದರೆ ಹೆಂಡತಿ ಇತ್ತ ಮೆದೆ ಕೀಳಿಸಿಬಿಡುತ್ತಾಳೆಂಬ ಭಯ. ಊಟವೂ ಅಲ್ಲೇ, ಎಲೆಅಡಿಕೆಯೂ ಅಲ್ಲೇ. ಬಂದವರೆಲ್ಲ ಒಂದು ಮಾತು ಒಗೆದು ಹೋದರು.

ಮೊದಲು ಬಂದವಳು ದಾಸಯ್ಯನ ಹೆಂಡತಿ ಪಾರ್ವತಮ್ಮ. "ಭಾವ, ಬಿಸ್ಲು ಚೆನ್ನಾಗದೆ. ಅಪ್ಪಳ ಒಣಾಕ್ಬೇಕು. ನಿಮ್ ನೀಲಿ ಟಾರ್ಪಾಲು ಕೊಡ್ತೀರಾ?"

"ತಗೊಂಡೋಗವ್ವ. ಸಂಜೆ ಮಳೆ ಬರೋ ಒತ್ಗೆ ಎತ್ಕೊಂಬುಡು," ಎಂದ ಚಿಕ್ಕಮಾದಯ್ಯ ಬಿಗುಮಾನದಿಂದ. ಪಾರ್ವತಮ್ಮ ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡು ನಕ್ಕಳು.

ಹತ್ತು ಗಂಟೆಗೆ ಎದುರುಮನೆ ಕಿಟ್ಟಿ ಬಂದ. "ಮಾದಣ್ಣ, ಹಸೀನ್ ಕರ ಹಗ್ಗ ಕಿತ್ಕೊಂಡದೆ. ಒಂದಿಪ್ಪತ್ ಮಾರು ಹಗ್ಗ ಕೊಡು."

"ಕರಕ್ಕೆ ಇಪ್ಪತ್ ಮಾರಾ? ಮೇಲುಕೋಟೆಗಂಟ ಮೇಯಕ್ ಬುಡ್ತೀಯೇನ್ಲಾ?"

"ದೊಡ್ ಕರ ಕಣಣ್ಣ," ಎಂದು ಕಿಟ್ಟಿ ಹಗ್ಗ ಹೆಗಲಿಗೆ ಹಾಕಿಕೊಂಡ. ಹೋಗುತ್ತಾ, "ಕೊಡೆ ಬೇಕಾ, ಕಳಿಸ್ಲಾ?" ಎಂದು ಕಿಚಾಯಿಸಿದ.

ಮಧ್ಯಾಹ್ನ ಪಕ್ಕದ ಬೀದಿಯ ಸಿದ್ದರಾಮು ಬಂದು, ಒಲೆ ಕಟ್ಟಬೇಕೆಂದು ಕಣದ ಅಂಚಿನ ದಪ್ಪ ಕಲ್ಲುಗಳನ್ನು ತಳ್ಳುಗಾಡಿಯಲ್ಲಿ ತುಂಬಿಕೊಂಡು ಹೋದ. ಎಷ್ಟು ಕಲ್ಲೆಂದರೆ ಮದುವೆ ಮನೆಗೇ ಒಲೆ ಹೂಡಬಹುದಿತ್ತು. ಚಿಕ್ಕಮಾದಯ್ಯನಿಗೆ ಇದ್ಯಾವುದರ ಕಡೆಗೂ ಗಮನವಿಲ್ಲ. ಅವನ ಕಣ್ಣು ಮೂಡಲ ದಿಕ್ಕಿನಲ್ಲಿ ನೆಟ್ಟಿತ್ತು. ಅಲ್ಲಿ ಒಂದು ಹದ್ದು ಬಿಟ್ಟರೆ ಏನೂ ಇರಲಿಲ್ಲ.

ಮೂರಾಯಿತು. ಮೂರೂವರೆಯಾಯಿತು. ಕಿಶನ್ ಟ್ರಾಕ್ಟರಿನ ನೆರಳಿನಲ್ಲಿ ಒಂದು ನಿದ್ದೆ ಮುಗಿಸಿ ಎದ್ದ. ಲಕ್ಷ್ಮಿದೇವಮ್ಮ ಖಾಲಿ ಮೊರ ತಂದು ಗಂಡನ ಮುಂದೆ ಸದ್ದಾಗುವಂತೆ ಇಟ್ಟಳು.

"ಸಂಕ್ರಾಂತಿಗಂಟ ಏನುಣ್ತೀರಿ? ಚಂದ್ರನ ಬಳೆನಾ ಬೇಯ್ಸಿ ಇಕ್ಲಾ?"

ಚಿಕ್ಕಮಾದಯ್ಯನ ಹಟ ಒಂದು ಗೇಣು ಕುಸಿಯಿತು. ಆದರೂ, "ಇನ್ನೊಂದ್ ಗಳಿಗೆ ತಡಿ," ಎಂದ.

ನಾಲ್ಕಕ್ಕೆ ದಾಸಯ್ಯ ನಾಲ್ಕು ಜನರನ್ನು ಕಟ್ಟಿಕೊಂಡು ಬಂದ. "ಬುಡ್ರಪ್ಪ, ಮಾದನ್ನ ಯಾರೂ ಏನೂ ಅನ್ಬ್ಯಾಡಿ. ಪಾಪ, ಚಂದ್ರನ್ ಕಂಡ್ರೆ ಎದ್ರುಕೋತಾನೆ. ಚಿಕ್ಕಂದಿನಲ್ಲೂ ಅಂಗೇಯ."

ಬೈದಿದ್ದರೆ ತಡೆದುಕೊಳ್ಳುತ್ತಿದ್ದ. ಪಾಪ ಅಂದದ್ದು ಚಿಕ್ಕಮಾದಯ್ಯನ ಮೈಗೆ ಮೆಣಸಿನಕಾಯಿ ಅರೆದು ಹಚ್ಚಿದ ಹಾಗಾಯಿತು.

"ಯಾರ್ಲಾ ಎದ್ರುಕೊಳ್ಳದು? ನಾನಾ? ಚಂದ್ರಂಗಾ? ಅವ್ನಪ್ಪ ಸೂರ್ಯ ಬಂದ್ರೂ ಎದ್ರಲ್ಲ! ಏ ಕಿಶನ್ನು, ಮಿಷನ್ ಸ್ಟಾರ್ಟ್ ಮಾಡು! ಕೀಳ್ರೋ ಮೆದೆಯಾ!"

ತಾನೇ ಮೇಲೆ ಹತ್ತಿ ಹೊದಿಕೆ ಹುಲ್ಲನ್ನು ಕಿತ್ತು ಬಿಸಾಡಿದ. ನಾಲ್ಕು ಜನ ಸೇರಿ ಹೊರೆಗಳನ್ನು ಕಣದ ತುಂಬ ಹರಡಿದರು. ಬೆಳಗಿನಿಂದ ತಡೆದಿದ್ದ ಕೆಲಸವೆಲ್ಲ ಒಂದು ಗಳಿಗೆಯಲ್ಲಿ ನುಗ್ಗಿತು. ಮಿಷನ್ನು ಗುರ್ರೆಂದಿತು. ಕಾಲು ಭಾಗ ಒಕ್ಕಿದ್ದರೋ ಇಲ್ಲವೋ, ಮೂಗಿನ ಮೇಲೆ ಏನೋ ಬಿದ್ದಂತಾಗಿ ಚಿಕ್ಕಮಾದಯ್ಯ ತಲೆ ಎತ್ತಿದ. ಕೆರೆಯ ಹಿಂದಿನ ಗುಡ್ಡ ಕಾಣಿಸಲಿಲ್ಲ. ಗುಡ್ಡ ಇದ್ದ ಜಾಗದಲ್ಲಿ ಮೋಡವಿತ್ತು.

ಮೂಗಿನ ಮೇಲಿನ ಹನಿಯ ಹಿಂದೆ ಅದರ ನೆಂಟರೆಲ್ಲ ಬಂದರು.

"ಟಾರ್ಪಾಲು ತತ್ತಾ!" ಚಿಕ್ಕಮಾದಯ್ಯ ಹೆಂಡತಿಗೆ ಕೂಗಿದ.

"ಪಾರ್ವತಕ್ಕ ಇಸ್ಕೊಂಡೋಗವ್ಳೆ!"

"ಹಗ್ಗ?"

"ಕಿಟ್ಟಿ ಕರದ್ ಕುತ್ಗೇಲಿ!"

ಅಂಥ ಹೊತ್ತಿನಲ್ಲೂ ಚಿಕ್ಕಮಾದಯ್ಯನಿಗೆ ಊರಿನವರ ರಾಗಿ ನೆನಪಾಯಿತು. "ಮುಚ್ರೋ, ರಾಗಿ ಮುಚ್ರೋ!" ಎಂದು ಕೂಗುತ್ತಾ ರಸ್ತೆಗೆ ಓಡಿದ. ಓಡಿದವನು ಹಾಗೇ ನಿಂತ.

ರಸ್ತೆಯುದ್ದಕ್ಕೂ ರಾಗಿ ಗುಡ್ಡೆಗಳು, ಒಂದೊಂದೂ ಚೊಕ್ಕವಾಗಿ ಹೊದ್ದು ಮಲಗಿದ್ದವು. ಮೊದಲನೆಯದು ದಾಸಯ್ಯನದು. ಅದರ ಮೇಲೆ ನೀಲಿ ಟಾರ್ಪಾಲು. ಪಕ್ಕದಲ್ಲಿ ಕಿಟ್ಟಿಯ ಗುಡ್ಡೆ, ಇಪ್ಪತ್ತು ಮಾರು ಹಗ್ಗದಲ್ಲಿ ಬಿಗಿದದ್ದು. ಅದರಾಚೆ ಸಿದ್ದರಾಮುವಿನದು, ಸುತ್ತಲೂ ಕಣದ ಕಲ್ಲು. ಒಬ್ಬರದೂ ಒಂದು ಕಾಳು ನೆನೆದಿರಲಿಲ್ಲ.

ಜಗುಲಿಯ ಮೇಲೆ ಪಾರ್ವತಮ್ಮ ಟೀ ಸೋಸುತ್ತಿದ್ದಳು. "ನೀವು ಬೆಳಗ್ಗೆ ಯೋಳಿದ್ ತಕ್ಷಣನೇ ನಮ್ಮೋರು ಮುಚ್ಚಿಸ್ಬುಟ್ರು ಭಾವ," ಎಂದಳು, ಮೆಚ್ಚುಗೆಯಿಂದ.

ಚಿಕ್ಕಮಾದಯ್ಯ, ಹಿಂದೆಯೇ ನೆನೆದುಕೊಂಡು ಬಂದ ದಾಸಯ್ಯನ ಕಡೆ ತಿರುಗಿದ. "ಮತ್ಯಾಕ್ಲಾ ದಿನ ಪೂರ್ತಿ ಹಲ್ ಕಿರ್ದೆ?"

"ನಿನ್ ಮಾತ್ ನಂಬ್ಬುಟ್ಟೆ ಅಂತ ಊರ್ಗೆ ಗೊತ್ತಾದ್ರೆ ನನ್ ಮರ್ವಾದೆ ಏನಾಗ್ಬೇಕು ಕಣ್ಲಾ?" ಎಂದ ದಾಸಯ್ಯ, ನಿಜವಾಗಿಯೂ ನೊಂದುಕೊಂಡು. "ನೀನೇ ನಿನ್ ಮಾತ್ ನಂಬಲ್ಲ ಅಂತ ನಂಗೇನ್ ಗೊತ್ತು?"

ಸಂಜೆ ಬಸ್ಸಿನಲ್ಲಿ ಬಂದಿಳಿದ ಅಕ್ಷಿತಾ, ಕಣದಲ್ಲಿ ನೀರು ಕುಡಿದು ಬಿದ್ದಿದ್ದ ಹೊರೆಗಳನ್ನು ನೋಡಿ ಹಣೆ ಚಚ್ಚಿಕೊಂಡಳು. "ಬೆಳಗ್ಗೆನೇ ಯೋಳಕ್ ಬಂದೆ, ನೀವು ಬುಡ್ಲಿಲ್ಲ. ಆ ಬಳೆ ಚಂದ್ರನ ಮೇಲಿರಲ್ಲ ತಾತ. ನಮ್ ಆಕಾಶದಲ್ಲೇ, ಬಾಳ ಎತ್ತರದಲ್ಲಿ, ಮಂಜುಗಡ್ಡೆ ಪುಡಿ ಥರ ತೆಳ್ಳನೆ ಮೋಡ. ಎಷ್ಟೋ ಸಲ ಮಳೆಗಿಂತ ಮುಂಚೆ ಅದೇ ಬರದು. ನೀವು ಯೋಳಿದ್ದೇ ಸರಿ ಅಂತ ಯೋಳಕ್ ಬಂದಿದ್ದೆ."

ಲಕ್ಷ್ಮಿದೇವಮ್ಮ ಖಾಲಿ ಮೊರವನ್ನು ಗಂಡನ ಮುಂದಿಂದ ಎತ್ತಿಕೊಂಡು ಒಳಗೆ ಹೋದಳು.

ಶನಿವಾರ ಬೆಳಗ್ಗೆ ಬಿಸಿಲು ಬಂತು. ಚಿಕ್ಕಮಾದಯ್ಯ ಒದ್ದೆ ತೆನೆಗಳನ್ನು ಒಂದೊಂದಾಗಿ ತಿರುವಿ ಹಾಕುತ್ತಿದ್ದ. ಕಿಶನ್ ಮಿಷನ್ನು ಕಟ್ಟಿಕೊಂಡು ಹೊರಟವನು, ಕಣದ ಮುಂದೆ ಟ್ರಾಕ್ಟರು ನಿಲ್ಲಿಸಿ ಕೈ ಮುಗಿದ.

"ಯಜಮಾನ್ರೆ, ತಪ್ಪು ತಿಳ್ಕೋಬ್ಯಾಡಿ. ಇವತ್ತು ನಾಗಮಂಗಲದ್ ಕಡೆ ಮಳೆ ಎಂಗೆ?"

ಚಿಕ್ಕಮಾದಯ್ಯ ಸೊಂಟ ನೆಟ್ಟಗೆ ಮಾಡಿ ಎದ್ದು ನಿಂತ. ಕೈಯಲ್ಲಿದ್ದ ತೆನೆಯಿಂದ ನೀರು ತೊಟ್ಟಿಕ್ಕುತ್ತಿತ್ತು. "ಬಳೆ ಇವತ್ತೂ ಇತ್ತು. ಮಳೆ ಬಂದೇ ಬತ್ತದೆ. ಯಾರ್ ನಕ್ರೂ ಮೆದೆ ಕೀಳಿಸ್ಬ್ಯಾಡ!"

ಕಿಶನ್ ತಲೆಯಾಡಿಸಿ ಹೊರಟ. ಇನ್ನವನು ಈ ಕಡೆ ಬರುವುದು ಸಂಕ್ರಾಂತಿ ಆದ ಮೇಲೆಯೇ. ಮಿಷನ್ನಿನ ಮೇಲೆ, ಅವನು ಪಾರ್ವತಮ್ಮನಿಂದ ಒಂದು ದಿನದ ಮಟ್ಟಿಗೆ ಇಸಿದುಕೊಂಡಿದ್ದ ಚಿಕ್ಕಮಾದಯ್ಯನ ನೀಲಿ ಟಾರ್ಪಾಲೂ ಹೋಯಿತು.