ಅನಾನಸಿಗೆ ಬನವಾಸಿ ಕೊಟ್ಟದ್ದು

ದಸರೆ ರಜೆಗೆ ನನ್ನ ಹೆಂಡತಿ ಮಮತಾ ಮಗಳನ್ನು ಕರೆದುಕೊಂಡು ಹತ್ತು ದಿನ ಬನವಾಸಿಯ ತವರಿಗೆ ಹೋಗುತ್ತಾಳೆ. ನಾನು ಝೆರಾಕ್ಸ್ ಅಂಗಡಿಯ ನೆಪ ಹೇಳಿ ಸಿರಸಿಯಲ್ಲೇ ಉಳಿಯುತ್ತೇನೆ. ಆ ಹತ್ತು ದಿನ ನಾನು ಚಕ್ರವರ್ತಿ! ಹೋಟೆಲಿನ ಬನ್ಸು, ಕೈಯಲ್ಲಿ ರಿಮೋಟು, ಹಾಸಿಗೆಯ ಮೇಲೆ ಒದ್ದೆ ಟವೆಲ್ಲು. ವರ್ಷವಿಡೀ ಬೈಸಿಕೊಳ್ಳುವುದೇ ಈ ಆಸೆಯಿಂದ. ಅಂಥ ಸಾಮ್ರಾಜ್ಯವನ್ನು ಈ ಸಲ ಕೈಯಾರೆ ಕಳೆದುಕೊಂಡೆ.

ಮಗಳನ್ನೂ ಮೊಮ್ಮಗಳನ್ನೂ ಕರೆದೊಯ್ಯಲು ಅತ್ತೆ ದ್ಯಾವಮ್ಮ ಬಂದಿದ್ದರು. ನನ್ನ ಮಗಳು ಕಾವ್ಯಶ್ರೀಗೆ ಶಾಲೆಯಲ್ಲಿ ಒಗಟು ಬರೆದು ತರಲು ಹೇಳಿದ್ದರಂತೆ. "ಅಜ್ಜಿ, ಒಗಟು ಹೇಳು" ಅಂದಳು. ನಾನು ಸುಮ್ಮನಿರಬಾರದೇ? "ಕೇಳಿ ಅತ್ತೆ, ನಾನು ಬಿಡಿಸ್ತೇನೆ. ದಿನಾ ಮೊಬೈಲಲ್ಲಿ ನೂರು ಜೋಕು ಓದೋನು ನಾನು" ಎಂದುಬಿಟ್ಟೆ.

"ಹಂಗಾರ ಬರ್ರಿ ಅಳಿಯಾರ. ಬಿಡಿಸಾಕ ಬರ್ಲಿಲ್ಲಂದ್ರ ಒಂದು ಊರು ಕೊಡಬೇಕು. ಕೊಟ್ಟ ಊರಿಗೆ ಯುಗಾದಿ ತನಕ ನಿಮ್ಮ ಮನಿಯಾವ್ರು ಕಾಲಿಡಂಗಿಲ್ಲ ನೋಡ್ರಿ."

(ಊರು ಕೊಡುವುದು ಹಳೇ ಪದ್ಧತಿ. ಕಾಲಿಡದ ಕಾನೂನು ಮಾತ್ರ ಅತ್ತೆಯ ಸ್ವಂತದ್ದು.)

"ಮನಿಯೆಲ್ಲ ಓಡಾಡಿ ಮೂಲ್ಯಾಗ ನಿಲ್ತಾಳ. ಯಾರು?"

"ಮಮತಾ!"

ಅಡುಗೆಮನೆಯಲ್ಲಿ ಪಾತ್ರೆ ದಢಾರೆಂದಿತು. ಉತ್ತರ ಕಸಬರಿಗೆಯಂತೆ. ಸಿದ್ದಾಪುರ ಹೋಯಿತು. ಕಡೆಗೋಲಿಗೆ ಹುಲೇಕಲ್ ಹೋಯಿತು, ಈಳಿಗೆಮಣೆಗೆ ಯಲ್ಲಾಪುರ. ಮೊಬೈಲಿನ ಜೋಕಾದರೆ ಕೆಳಗೇ ನಗುವ ಮುಖ ಇರುತ್ತದೆ, ಅದನ್ನು ನೋಡಿ ನಕ್ಕರಾಯಿತು. ಒಗಟು ಮನೆಯ ಸಾಮಾನಿಗೇ ವೇಷ ಹಾಕಿ ಕಳಿಸುತ್ತದೆ. ನಾನೋ, ಹದಿನಾಲ್ಕು ವರ್ಷದಿಂದ ಮನೆಯ ಸಾಮಾನಿನ ಮುಖವನ್ನೇ ನೋಡಿದವನಲ್ಲ.

"ಮೈಯೆಲ್ಲ ಕಣ್ಣು, ನೋಟ ಇಲ್ಲ. ತಲಿಮ್ಯಾಲೆ ಕಿರೀಟ, ರಾಜ್ಯ ಇಲ್ಲ. ಏನು?"

ಹೊಳೆಯಲಿಲ್ಲ. ಸಿರಸಿ ಕೊಡುವಂತಿಲ್ಲ, ಅಂಗಡಿಯಿದೆ. ಅವರ ಊರನ್ನು ಅವರಿಗೇ ಕೊಟ್ಟರೆ ನನ್ನ ಗಂಟೇನು ಹೋಯಿತು?

"ಬನವಾಸಿ ತಗೊಳ್ಳಿ!"

ಅತ್ತೆ ನನ್ನ ಪಕ್ಕದ ಚೀಲದಿಂದ ತಾವೇ ತಂದಿದ್ದ ಅನಾನಸು ತೆಗೆದು ಮುಂದಿಟ್ಟರು.

ಮಮತಾ ಸೌಟು ಹಿಡಿದೇ ಹೊರಗೆ ಬಂದಳು. "ರೀ, ನನ್ನ ತವರನ್ನೇ ಕೊಟ್ಬಿಟ್ರಾ?"

"ಅಯ್ಯೋ, ಆಟ ಮಾರಾಯ್ತಿ!"

"ಮಾತು ಅಂದ್ರೆ ಮಾತು. ನಾವು ಹೋಗೋ ಹಾಗಿಲ್ಲ. ಅವ್ವಾ, ಅಣ್ಣ ಅತ್ತಿಗೆ, ತಮ್ಮ, ಮಕ್ಕಳು, ಎಲ್ಲಾ ಇಲ್ಲಿಗೇ ಬರ್ಲಿ. ಹತ್ತು ದಿನ!"

"ಒಟ್ಟು ಎಷ್ಟು ಜನ?" ಎಂದೆ.

"ಹನ್ನೊಂದೇ."

ನಾನು ಅತ್ತೆಗೆ ಕೈಮುಗಿದೆ. "ಇನ್ನೊಂದು ಕೇಳಿ. ಬಿಡಿಸಿದ್ರೆ ಬನವಾಸಿ ವಾಪಸ್."

"ಆತ್ರಿ. ಬಿಡಿಸಿದಾವ್ರಿಗೆ ಬನವಾಸಿ. ಹತ್ತು ದಿನ ಕಾಯಿ ತುರೀತಾನ, ಚಾಪಿ ಹಾಸ್ತಾನ, ಪಾತ್ರಿ ತಿಕ್ತಾನ, ತುಟಿ ಮಾತ್ರ ಬಿಚ್ಚಂಗಿಲ್ಲ. ಯಾರು?"

ಜನ್ಮದಲ್ಲಿ ಮೊದಲ ಸಲ ಒಂದು ಒಗಟು ನನಗೆ ತಟ್ಟನೆ ಹೊಳೆಯಿತು. ಬಾಯಿ ತೆರೆಯುವಷ್ಟರಲ್ಲಿ ಕಾವ್ಯಶ್ರೀ "ಅಪ್ಪ!" ಎಂದು ಕೂಗಿಬಿಟ್ಟಳು.

ಬನವಾಸಿ ಅವಳ ಪಾಲಾಯಿತು. ಚಾಕಲೇಟಿನ ಆಮಿಷ ಒಡ್ಡಿದೆ, ಗೋಗರೆದೆ.

"ನಾ ಕೊಡಲ್ಲಪ್ಪ. ಎಲ್ರೂ ಇಲ್ಲಿಗೇ ಬರ್ಲಿ" ಎಂದಳು, ನನ್ನ ಕೈಗೆ ತೆಂಗಿನಕಾಯಿ ಕೊಡುತ್ತ.