ನನ್ನ ಮುಖಕ್ಕಿಲ್ಲದ ಸಿನಿಮಾ ಯೋಗ

ಕಲಾವಿದನಾಗಲು ನನಗೆ ಯಾವ ಕೊರತೆಯೂ ಇರಲಿಲ್ಲ. ಎತ್ತರವಿತ್ತು, ಮೀಸೆಯಿತ್ತು, ಊರ ನಾಟಕಗಳಲ್ಲಿ ಮಂತ್ರಿಯ ಪಾತ್ರ ಮಾಡಿದ ಅನುಭವವಿತ್ತು. ಹೊಟ್ಟೆಪಾಡಿಗೆ ಮಾತ್ರ ಚನ್ನಗಿರಿ ಸಂತೆಯಲ್ಲಿ ದನದ ದಲ್ಲಾಳಿಯಾಗಿದ್ದೆ. ಎತ್ತು ಕೊಳ್ಳುವವನ ಕೈ ಹಿಡಿದು, ಮೇಲೊಂದು ಟವೆಲ್ ಹೊದಿಸಿ, ಒಳಗೆ ಬೆರಳು ಒತ್ತಿ ಬೆಲೆ ಹೇಳುವ ಕೆಲಸ. ಸುತ್ತ ನಿಂತವರಿಗೆ ಬೆಲೆ ತಿಳಿಯಬಾರದು, ಆದ್ದರಿಂದ ಆ ಹೊತ್ತಿನಲ್ಲಿ ಬಾಯಿ ಬಿಡುವಂತಿಲ್ಲ. ಬೆರಳು ವ್ಯಾಪಾರ ಮಾಡುತ್ತಿದ್ದರೆ ಮನಸ್ಸು ಬೆಳ್ಳಿತೆರೆಯ ಮೇಲೆ ಹಾಯಾಗಿ ಓಡಾಡುತ್ತಿತ್ತು.

ಎಪ್ಪತ್ತರ ದಶಕದಲ್ಲಿ ಒಂದು ದಿನ ಪಕ್ಕದ ಮನೆಯ ಬಾಷಾ ಸಾಹೇಬರು ಸೈಕಲ್ ಅಂಗಡಿ ಮುಚ್ಚಿಕೊಂಡು ಓಡಿಬಂದರು.

"ರುದ್ರಣ್ಣ, ಸೂಳೆಕೆರೆ ಏರಿ ಮ್ಯಾಲೆ ಶೂಟಿಂಗ್ ನಡೀತೈತೆ. ಹುಡುಗಿ ಅಪ್ಪನ ಪಾರ್ಟು ಮಾಡಾಕೆ ಮೀಸೆ ಇರೋರು ಬೇಕಂತೆ. ನಡೀರಿ."

ನನ್ನ ಹೆಂಡತಿ ಗೌರಿ ಒಗೆದಿಟ್ಟ ಟವೆಲ್ ತಂದು ಹೆಗಲಿಗೆ ಹಾಕಿದಳು. ಅದರ ಹರಿದ ಅಂಚಿಗೆ ಅವಳೇ ಕೆಂಪು ದಾರದಲ್ಲಿ ಹೊಲಿಗೆ ಹಾಕಿದ್ದಳು.

"ಮುಖ ಕಾಣಂಗೆ ನಿಂತ್ಕೊಳ್ರಿ. ನಮ್ಮ ಹೊನ್ನಾಳಿ ಅಕ್ಕ, 'ನಿನ್ನ ಗಂಡ ಏನು ಮಾಡ್ತಾನೆ' ಅಂತ ಮದುವೆಯಾದಾಗಿಂದ ಕೇಳ್ತಾಳೆ. ಒಂದು ಸಲ ಕರ್ಕೊಂಬಂದು ತೋರಿಸಿಬಿಡ್ತೀನಿ."

ಗೌರಿಗಾಗಿ ನನ್ನ ಮುಖವನ್ನು ತೆರೆಯ ಮೇಲೆ ತಂದೇ ತೀರುವುದಾಗಿ ನಾನು ನಿಶ್ಚಯಿಸಿದೆ.

ಮೀಸೆ ನೋಡಿದ ಕೂಡಲೇ ನಿರ್ದೇಶಕರು ಒಪ್ಪಿದರು. ಗಂಡಿನ ತಂದೆಯ ಕೈ ಹಿಡಿದು "ನನ್ನ ಮಗಳು ಇನ್ನು ನಿಮ್ಮ ಮಗಳು" ಎನ್ನಬೇಕು, ಅಷ್ಟೇ. ಸರದಿ ಬರುವವರೆಗೂ ಏರಿಯ ಮೇಲೆ ಕೂತೆ. ಮಂಜು ಕರಗುತ್ತಿತ್ತು. ನೀರು ಎಷ್ಟು ಅಗಲವಾಗಿ, ಎಷ್ಟು ಬೆಳ್ಳಗೆ ಬಿದ್ದಿತ್ತೆಂದರೆ ಅದನ್ನೇ ಯಾರೋ ಎತ್ತಿ ನಿಲ್ಲಿಸಿ ತೆರೆ ಕಟ್ಟಿದಂತೆ ಕಂಡಿತು. ಅದರ ತುಂಬ ನನ್ನ ಮುಖ. ಎದುರಿಗೆ ಗೌರಿ, ಬಾಯಿಗೆ ಸೆರಗು ಹಿಡಿದು ಅಳುತ್ತಿದ್ದಾಳೆ. ನಾನೂ ಸ್ವಲ್ಪ ಅತ್ತೆ.

ಕ್ಯಾಮೆರಾ ಶುರುವಾಯಿತು. ನಾನು ಗಂಡಿನ ತಂದೆಯ ಕೈ ಹಿಡಿದೆ. ಹಿಡಿದದ್ದೇ ತಡ, ಹೆಗಲ ಮೇಲಿನ ಟವೆಲ್ ತಾನಾಗಿ ಇಳಿದು ಎರಡೂ ಕೈಗಳನ್ನು ಮುಚ್ಚಿತು. ಬೆರಳುಗಳು ಕೆಲಸ ಶುರು ಮಾಡಿದವು. ಬಾಯಿ ಬೀಗ ಹಾಕಿಕೊಂಡಿತು.

"ಯಾಕ್ರೀ ಬೆರಳು ಹಿಂಡ್ತೀರಾ?" ಎಂದು ಆ ನಟರು ಕಿರುಚಿದರು.

ಹಿಂಡಿರಲಿಲ್ಲ. ಸ್ವಲ್ಪ ಕಡಿಮೆ ಬೆಲೆಗೆ ಕೇಳಿದ್ದೆ.

"ಯಜಮಾನ್ರೇ, ಮಾತೆಲ್ಲಿ?" ಎಂದರು ನಿರ್ದೇಶಕರು.

ಬಾಷಾ ಸಾಹೇಬರು ಮುಂದೆ ಬಂದು ವಿವರಿಸಿದರು. "ಸಾರ್, ಯಾಪಾರ ಮುಗಿಯೋತನ ಅವರು ಬಾಯಿ ಬಿಡಂಗಿಲ್ಲ."

ಟವೆಲ್ ಕಿತ್ತುಕೊಂಡರು. ಮತ್ತೆ ಕೈ ಹಿಡಿದೆ. ಈ ಸಲ ನನ್ನ ಎಡಗೈ ಗಾಳಿಯಲ್ಲಿ ತಡಕಾಡಿ, ಎದುರಿನವರ ಹೆಗಲ ಮೇಲಿನ ಜರತಾರಿ ಶಲ್ಯವನ್ನೇ ಎಳೆದು ಹೊದಿಸಿತು. ಶಲ್ಯವನ್ನೂ ತೆಗೆದರು. ಆಗ ಹೊದಿಸಲು ಏನೂ ಸಿಗದೆ, ಹಿಡಿದಿದ್ದ ಅವರ ಕೈಯನ್ನೇ ನನ್ನ ಅಂಗಿಯೊಳಗೆ ತೂರಿಸಿಕೊಂಡೆ. ಮಗಳು ಅವರ ಮಗಳಾಗಲೇ ಇಲ್ಲ.

ಹೊತ್ತು ಇಳಿಯುತ್ತಿತ್ತು. ನಿರ್ದೇಶಕರು ತಲೆ ಮೇಲೆ ಕೈ ಹೊತ್ತು ಕೂತಿದ್ದವರು ಇದ್ದಕ್ಕಿದ್ದಂತೆ ಎದ್ದರು. "ಮದುವೆಯೂ ಒಂದು ವ್ಯಾಪಾರ ಅಂತ ತೋರಿಸಬಹುದಲ್ಲ. ಆ ಟವೆಲ್ ತನ್ನಿ. ಹತ್ತಿರದಿಂದ ತೆಗೀರಿ." ನನ್ನನ್ನೇ ಹತ್ತಿರದಿಂದ ತೆಗೆಯುತ್ತಾರೆಂದು ತಿಳಿದು ನಾನು ಮೀಸೆ ತೀಡಿಕೊಂಡೆ.

ಸಿನಿಮಾ ಚನ್ನಗಿರಿ ಟೆಂಟಿಗೆ ಬಂತು. ಹೊನ್ನಾಳಿ ಅಕ್ಕ ಸಂಸಾರ ಸಮೇತ ಬಸ್ಸಿನಲ್ಲಿ ಬಂದಿಳಿದಳು. ಎಲ್ಲರೂ ಮರಳಿನ ಮೇಲೆ ಸಾಲಾಗಿ ಕೂತೆವು. ಕೆರೆ ಬಂತು, ಏರಿ ಬಂತು. ಆಮೇಲೆ ತೆರೆಯ ತುಂಬ ಟವೆಲ್ ಬಂತು. ಟವೆಲ್ ಮಾತ್ರ. ಮಾತನ್ನು ಯಾರೋ ಬೆಂಗಳೂರಿನವರ ದನಿಯಲ್ಲಿ ಹೇಳಿಸಿದ್ದರು.

"ನಮ್ಮ ಟವೆಲ್ಲು!" ಗೌರಿ ಎದ್ದೇ ನಿಂತಳು. "ಕೆಂಪು ದಾರ ನಾನೇ ಹಾಕಿದ್ದು."

"ನಿನ್ನ ಗಂಡ ಎಲ್ಲೇ?" ಎಂದಳು ಅಕ್ಕ.

"ಟವೆಲ್ ಕೆಳಗೆ ಅದಾರೆ."

ಅದಾದ ಮೇಲೂ ಕಲಾಸೇವೆ ನಿಲ್ಲಲಿಲ್ಲ. ನ್ಯಾಮತಿ ಹತ್ತಿರ ತೆಗೆದ ಒಂದು ಚಿತ್ರದಲ್ಲಿ ನನ್ನ ಬೆನ್ನು ಅಭಿನಯಿಸಿತು. ಜಗಳೂರಿನ ಕಡೆ ತೆಗೆದ ಇನ್ನೊಂದರಲ್ಲಿ ನನ್ನ ನೆರಳು. ಗೌರಿ ಎರಡನ್ನೂ ನೋಡಿಬಂದು "ಮುಂದಿನ ಸಲ ಮುಖ ಬರುತ್ತೆ ಬಿಡ್ರಿ" ಎಂದಳು. ಆ ಮಾತು ನನ್ನನ್ನು ವರ್ಷಗಟ್ಟಲೆ ಸಾಕಿತು.

ಟೀವಿ ಬಂದ ಕಾಲಕ್ಕೆ ಬೆಂಗಳೂರಿನಿಂದ ಧಾರಾವಾಹಿಯವರೊಬ್ಬರು ನನ್ನ ಮನೆ ಹುಡುಕಿಕೊಂಡು ಬಂದರು. ನಾನು ಒಳಗೆ ಓಡಿ ಕ್ಷೌರ ಮಾಡಿಕೊಂಡು, ನರೆತ ಮೀಸೆಗೆ ಬಣ್ಣ ಬಳಿದು, ಇಸ್ತ್ರಿ ಅಂಗಿ ತೊಟ್ಟು ಹೊರಗೆ ಬಂದೆ. ಅವರು ನನ್ನನ್ನು ಮೇಲಿಂದ ಕೆಳಗೆ ನೋಡಿದರು.

"ಆ ಟವೆಲ್ ಇನ್ನೂ ಇದೆಯಾ, ಯಜಮಾನ್ರೇ?"

ಗೌರಿ ನನ್ನ ಮುಖ ನೋಡಿದಳು. ನಾನು ಹೂಂ ಎಂದು ತಲೆಯಾಡಿಸಿದೆ. ಅವಳು ಅದನ್ನು ಮಡಿಸಿ ಕೊಟ್ಟಳು.

ಧಾರಾವಾಹಿ ಬಂದ ದಿನ ಬಾಷಾ ಸಾಹೇಬರ ಮನೆಯ ಟೀವಿಯ ಮುಂದೆ ಕೂತೆವು. ಯಾರದೋ ಹೆಗಲ ಮೇಲೆ ನಮ್ಮ ಟವೆಲ್ ಗಂಭೀರವಾಗಿ ನಡೆದುಹೋಯಿತು.

"ಪಾಪ, ಚೆನ್ನಾಗಿ ಮಾಡೈತೆ" ಎಂದಳು ಗೌರಿ. ಆಮೇಲೆ ಟೀವಿಯ ಕಡೆ ನೋಡುವುದನ್ನು ಬಿಟ್ಟು ನನ್ನ ಮುಖವನ್ನೇ ನೋಡುತ್ತ ಕೂತಳು.

ನನಗೆ ಕಣ್ಣು ತುಂಬಿ ಬಂತು. ಒರೆಸಿಕೊಳ್ಳಲು ಹೆಗಲಿಗೆ ಕೈ ಹಾಕಿದೆ. ಟವೆಲ್ ಬೆಂಗಳೂರಿನಲ್ಲಿತ್ತು.