ಶ್ರುತಿ ಮೇಷ್ಟ್ರು ಮುರಿದ ಸ್ವರ

ಶ್ರುತಿ ಮೇಷ್ಟ್ರು ಮಾಡಿದ ತಪ್ಪು ಒಂದೇ. ಸಭಾಂಗಣದ ಪಿಯಾನೊಗೆ ಶ್ರುತಿ ಕೂಡಿಸಿ ಸುಮ್ಮನೆ ಎದ್ದು ಹೋಗುವುದು ಬಿಟ್ಟು, ನುಡಿಸಲು ಕೂತರು.

ಸಂಜೆ ಅದರ ಮುಂದೆ ಕೂರಬೇಕಾದವರು ಅಂಥಿಂಥವರಲ್ಲ. ಹನ್ನೊಂದನೆಯ ವಯಸ್ಸಿಗೇ ಹೋಟೆಲಿನ ಮೂಲೆಯಲ್ಲಿ ಜಾಝ್ ನುಡಿಸಲು ಶುರುಮಾಡಿ, ಇನ್ನೂರು ಕೃತಿ ಕಟ್ಟಿ, ಪಾರ್ಶ್ವವಾಯು ಬಡಿದು ಎರಡು ಬೆರಳಿನ ಸ್ವಾಧೀನ ಹೋದಮೇಲೆ ಉಳಿದ ಎಂಟರಲ್ಲೇ ಮೊದಲಿನಿಂದ ಕಲಿತ ಪಿಯಾನೊ ವಾದಕರು. ಮೇಷ್ಟ್ರ ಹತಾರದ ಪೆಟ್ಟಿಗೆಯ ಮುಚ್ಚಳದೊಳಗೆ ಮೂವತ್ತು ವರ್ಷದಿಂದ ಅವರದೇ ಫೋಟೊ. ಅವರ ‘ಬಾಗಿಲು’ ಎಂಬ ಕೃತಿ ಮೇಷ್ಟ್ರಿಗೆ ಬಾಯಿಪಾಠ. ಕಾರ್ಯಕ್ರಮಕ್ಕೆಂದು ದೂರ ಹೋಗಿ, ತಾಯಿ ತೀರಿಕೊಂಡ ಮೇಲೆ ಮನೆ ಮುಟ್ಟಿದ ಮಗ ಕಟ್ಟಿದ್ದು ಅದು. ಅದರ ಕೊನೆ ಮಾತ್ರ ವಾದಕರಿಗೇ ಒಗ್ಗಿರಲಿಲ್ಲ. ಬದಲಿಸಿ ಬದಲಿಸಿ, ಈಚೆಗೆ ಒಲ್ಲದ ಮನಸ್ಸಿನಿಂದ ಬಲತುದಿಯ ಒಂದು ಕೀಗೆ ತಂದು ನಿಲ್ಲಿಸಿದ್ದರು.

ಭಕ್ತಿ ಹೆಚ್ಚಾಗಿ ಮೇಷ್ಟ್ರು ಆ ಕೀಯನ್ನು ಜೋರಾಗಿಯೇ ಕುಟ್ಟಿದರು. ಒಳಗೆ ತಂತಿ ಬಡಿಯುವ ಪುಟ್ಟ ಸುತ್ತಿಗೆಯ ಹಿಡಿ ಲಟಕ್ಕನೆ ಮುರಿಯಿತು. ಮತ್ತೆ ಒತ್ತಿದರೆ ಸ್ವರವಿಲ್ಲ, ಮರದ ‘ಟಕ್’ ಅಷ್ಟೇ.

“ಒಂದು ಕೀ ಕೈಕೊಟ್ರೂ ನಿಮ್ಮ ಕೆಲಸ ಹೋಯ್ತು ಅಂದ್ಕೊಳ್ಳಿ,” ಎಂದು ಮ್ಯಾನೇಜರ್ ಬೆಳಿಗ್ಗೆಯೇ ಹೇಳಿದ್ದರು.

ಟಿಕೆಟ್ ಕೊಡುವ ಅಕ್ಕ ಎಣ್ಣೆ ಡಬ್ಬಿ ತಂದರು. “ಎರಡು ತೊಟ್ಟು ಬಿಡಿ ಮೇಷ್ಟ್ರೇ, ನಮ್ಮನೆ ಹೊಲಿಗೆ ಮೆಷಿನ್ನಿಗೆ ಇದೇ ಮದ್ದು.”

“ಮೇಲೊಂದು ಗುದ್ದಿ,” ಎಂದ ಕಾವಲುಗಾರ. “ನಮ್ಮ ರೇಡಿಯೊ ಹಾಗೇ ಸರಿಹೋಗೋದು.”

ಮೇಷ್ಟ್ರು ಮರಿಗಳನ್ನು ಕಾಯುವ ಕೋಳಿಯಂತೆ ಪಿಯಾನೊ ಮೇಲೆ ಕೈ ಹರಡಿ ನಿಂತರು. ಕೊನೆಗೆ ರಂಗದ ಬಡಗಿ ಬಗ್ಗಿ ನೋಡಿದ.

“ಬೇಗ ಹಿಡಿಯೋ ಅಂಟು ಮನೇಲಿದೆ. ತರ್ತೀನಿ ತಾಳಿ.”

ಹೋದವನ ಪತ್ತೆಯಿಲ್ಲ. ರೈಲು ತಡವಾದ್ದರಿಂದ ವಾದಕರು ನೇರ ವೇದಿಕೆಗೇ ಹೋದರು.

ಪರದೆಯ ಹಿಂದೆ ನಿಂತ ಮೇಷ್ಟ್ರಿಗೆ ಜೀವ ಬಾಯಿಗೆ ಬಂದಿತ್ತು. ಆದರೆ ಎಂಟು ಬೆರಳು ಓಡತೊಡಗಿದ ಮೇಲೆ ಹೆದರಿಕೆಯೇ ಮರೆತುಹೋಯಿತು. ಇದು ಮನುಷ್ಯರು ಮಾಡುವ ಕೆಲಸವೇ ಎನಿಸಿತು. ‘ಬಾಗಿಲು’ ಬಂತು. ಸ್ವರಗಳು ಒಂದೊಂದೇ ಮೆಟ್ಟಿಲು ಹತ್ತಿ ಬಲತುದಿ ಮುಟ್ಟಿದವು.

ಟಕ್.

ಯಾರೋ ಬಾಗಿಲು ತಟ್ಟಿದ ಹಾಗಿತ್ತು. ವಾದಕರು ಕೀಯನ್ನೇ ನೋಡಿದರು. ಮೆಲ್ಲಗೆ ಇನ್ನೊಮ್ಮೆ ಒತ್ತಿದರು. ಟಕ್. ಒಳಗಿನಿಂದ ಯಾರಾದರೂ ಓಗೊಡುತ್ತಾರೇನೋ ಎಂಬಂತೆ ಕಾದರು. ಆಮೇಲೆ ಕೈ ತೆಗೆದರು.

ಸಭೆಗೆ ಸಭೆಯೇ ಎದ್ದು ನಿಂತಿತು. ಟಿಕೆಟ್ ಅಕ್ಕ ಬಿಕ್ಕುತ್ತಿದ್ದರು. ಮೇಷ್ಟ್ರಿಗೆ ಕಣ್ಣು ಕಾಣಿಸಲಿಲ್ಲ.

ಒಳಕೋಣೆಯಲ್ಲಿ ವಾದಕರು ಮೇಷ್ಟ್ರ ಕೈ ಹಿಡಿದರು. “ಇದು ಮಾಡಿದ್ದು ನೀವಾ?”

“ತಪ್ಪಾಯ್ತು ಸ್ವಾಮಿ. ನನ್ನ ಕೈಯಲ್ಲೇ ಮುರಿದೋಯ್ತು.”

“ತಪ್ಪು ಯಾಕೆ? ಇಷ್ಟು ವರ್ಷ ನಾನು ಹುಡುಕ್ತಿದ್ದ ಕೊನೆ ಇದೇ. ನಾಳೆ ಬೆಳಿಗ್ಗೆ ಇಲ್ಲೇ ರೆಕಾರ್ಡ್ ಮಾಡೋಣ. ಆ ಟಕ್ ಹಾಗೇ ಇರಬೇಕು.”

“ಇರುತ್ತೆ ಸರ್,” ಎಂದರು ಮ್ಯಾನೇಜರ್. “ಇಲ್ದಿದ್ರೆ ಇವರ ಕೆಲಸ ಹೋಯ್ತು ಅಂದ್ಕೊಳ್ಳಿ.”

ನೆಲದ ಮೇಲೆ ಕಾಲೇ ನಿಲ್ಲದೆ ಮೇಷ್ಟ್ರು ವೇದಿಕೆಗೆ ಬಂದರು. ಪಿಯಾನೊದಿಂದ ಗಂಟೆಯಂಥ ಸ್ವರವೊಂದು ಹೊಮ್ಮಿತು. ಬಲತುದಿಯದೇ. ಮುಂದೆ ಬಡಗಿ ಅಂಗಿಯ ತೋಳು ಮಡಚಿ ಕೂತಿದ್ದ.

“ತಡವಾಯ್ತು, ಬೇಜಾರು ಮಾಡ್ಕೋಬೇಡಿ ಮೇಷ್ಟ್ರೇ. ಅಂಟಿನ ಜೊತೆ ಹಿತ್ತಾಳೆ ಪಟ್ಟಿನೂ ಬಿಗಿದಿದೀನಿ. ಇನ್ನು ಆನೆ ಬಂದು ಕೂತ್ರೂ ಮುರಿಯಲ್ಲ.”

ಮೇಷ್ಟ್ರು ಪೆಟ್ಟಿಗೆ ತೆರೆದು, ಮುಚ್ಚಳದ ಫೋಟೊಗೆ ಕೈಮುಗಿದು, ಗರಗಸ ಹುಡುಕತೊಡಗಿದರು.